ಮುಟ್ಟಬಾರದ ಗೋಡೆ

೧೯೪೧ ಫೆಬ್ರವರಿ ೩, ಸೋಮವಾರ. ಚನ್ನರಾಯನದುರ್ಗ

ಬೆಟ್ಟ ಹತ್ತಿದೆ, ಇಳಿದೆ, ಇನ್ನೂ ಬದುಕಿದ್ದೇನೆ. ಬರೆಯಲು ಕೂತರೆ ಸಾಲು ಸೊಟ್ಟಗೆ ಹೋಗುತ್ತಿದೆ. ಈ ಅಕ್ಷರ ನೋಡಿದವರು ಇವನೆಂಥ ಚಿತ್ರ ಬರೆಯುತ್ತಾನೆ ಎಂದಾರು. ಸದ್ಯ, ನೋಡುವವರು ಯಾರೂ ಇಲ್ಲ.

ನಾಟಕ ಕಂಪನಿಯಲ್ಲಿ ಇಪ್ಪತ್ತು ವರ್ಷ ಪರದೆ ಬರೆದವನು ನಾನು. ಪರದೆಯನ್ನು ನೆಲಕ್ಕೆ ಹಾಸಿ, ಅದರ ಮೇಲೆ ಕುಕ್ಕರಗಾಲಲ್ಲಿ ಕೂತು ಬರೆಯುವುದು ನಮ್ಮ ಪದ್ಧತಿ. ನನ್ನ ಅರಮನೆ, ನನ್ನ ಕೈಲಾಸ ಎಲ್ಲ ಹುಟ್ಟಿದ್ದು ನೆಲದ ಮೇಲೆಯೇ. ಏಣಿ ಕಂಡರೆ ನನಗಾಗದು. ಮಧುಗಿರಿಯ ಮನೆಯಲ್ಲಿ ಅಟ್ಟದ ಸಾಮಾನು ಬೇಕಾದರೆ ದಾಕ್ಷಾಯಣಿಯೇ ಹತ್ತಬೇಕು. ಗಂಡನಾದವನು ಕೆಳಗೆ ಏಣಿ ಹಿಡಿದು ಕಣ್ಣು ಮುಚ್ಚಿಕೊಂಡಿರುತ್ತೇನೆ. ಅಷ್ಟು ದೊಡ್ಡ ಬೆಟ್ಟದ ಬುಡದಲ್ಲೇ ಹುಟ್ಟಿ ಬೆಳೆದು, ಒಂದು ಸಲವೂ ಅದನ್ನು ಹತ್ತದ ಗಂಡಸು ಮಧುಗಿರಿಗೆಲ್ಲ ನಾನೊಬ್ಬನೇ ಇರಬೇಕು.

ಟಾಕಿ ಬಂದ ಮೇಲೆ ಕಂಪನಿ ಮುಚ್ಚಿತು. ಈಗ ಬೆಂಗಳೂರಿನ ಡೈರೆಕ್ಟರು ಜಯರಾಮಯ್ಯನವರು ಇಲ್ಲಿನ ಕೋಟೆಯಲ್ಲಿ ಒಂದು ಪಾಳೆಯಗಾರರ ಕಥೆಯ ಟಾಕಿ ತೆಗೆಯಲು ಬಂದಿದ್ದಾರೆ. ಅದಕ್ಕೆ ಬೇಕಾದ ಗೋಡೆ, ಬಾಗಿಲು, ಬಣ್ಣದ ಕೆಲಸವೆಲ್ಲ ನನ್ನದು. ಸರಿಹೋದರೆ ಮದರಾಸಿನ ಸ್ಟುಡಿಯೋಗೆ ಕರೆದೊಯ್ಯುತ್ತಾರಂತೆ. ಅಲ್ಲಿ ನನ್ನ ಕೆಲಸಕ್ಕೆ ಆರ್ಟ್ ಡೈರೆಕ್ಟರ್ ಎನ್ನುತ್ತಾರಂತೆ, ಹೆಸರು ತೆರೆಯ ಮೇಲೆ ಬರುತ್ತದಂತೆ. ಆಸೆಯಾಯಿತು, ಒಪ್ಪಿಕೊಂಡೆ. ಬೆಟ್ಟದ ಎತ್ತರವನ್ನು ನಾನು ಆಸೆಯ ಲೆಕ್ಕಕ್ಕೆ ಸೇರಿಸಿರಲಿಲ್ಲ.

ಮೇಲಿನ ಬುರುಜಿನ ಗೋಡೆ ಒಂದು ಕಡೆ ಕುಸಿದು, ಗಾಡಿ ದಾಟುವಷ್ಟು ಬಾಯಿ ಬಿಟ್ಟಿದೆ. ಆಚೆಗೆ ಹಳೆಯ ತಳಪಾಯದ ಕಲ್ಲು ಒಂದು ಹೆಜ್ಜೆಯಷ್ಟು ಉಳಿದಿದೆ. ಅದರಾಚೆ ಏನೂ ಇಲ್ಲ. ಪಾತಾಳದಲ್ಲಿ ಬಂಡೆ, ಮುಳ್ಳು ಪೊದೆ, ಇರುವೆಯಂಥ ದನಗಳು. ಆ ಬಾಯಿಯನ್ನು ನಾನು ಮುಚ್ಚಬೇಕು, ಪಕ್ಕದ ನಿಜವಾದ ಗೋಡೆಗೂ ಅದಕ್ಕೂ ವ್ಯತ್ಯಾಸ ಕಾಣಬಾರದು. ಜಯರಾಮಯ್ಯನವರು ಅಂಚಿನಲ್ಲಿ ನಿಂತು ಕೈ ಬೀಸಿ ವಿವರಿಸುತ್ತಿದ್ದರು. ನಾನು ಹಿಂದೆ, ಒಂದು ಕಲ್ಲನ್ನು ಅಪ್ಪಿಕೊಂಡು ನಿಂತಿದ್ದೆ. ಅಲ್ಲಿಂದಲೇ ಒಂದು ಮಾತು ಕೇಳಿದೆ, ಯಾರೂ ಅದನ್ನು ಮುಟ್ಟುವುದಿಲ್ಲ ತಾನೇ ಎಂದು.

"ಮುಟ್ಟೋದ್ಯಾಕೆ ಚನ್ನಮಲ್ಲಯ್ಯ? ರಾಣಿ ಹಿಂದೆ ಗೋಡೆ ಕಂಡ್ರೆ ಸಾಕು" ಎಂದರು.

ಫೆಬ್ರವರಿ ೬, ಗುರುವಾರ

ಈ ಊರಿನ ಬಡಗಿ ದೊಡ್ಡರಂಗಪ್ಪ ಧೈರ್ಯವಂತ. ಸೊಂಟಕ್ಕೆ ಹಗ್ಗ ಬಿಗಿದುಕೊಂಡು ಆಚೆಯ ಅಂಚಿನಲ್ಲಿ ಮೇಕೆ ಹಾಗೆ ಓಡಾಡುತ್ತಾನೆ. ನಾನು ಕಲ್ಲಿನ ಮರೆಯಿಂದ ಎಡಕ್ಕೆ, ಬಲಕ್ಕೆ ಎಂದು ಕೂಗುತ್ತೇನೆ. ಸರ್ಕಾರದ ಕೋಟೆಯಾದ್ದರಿಂದ ಒಂದು ಕಲ್ಲನ್ನೂ ಕೆತ್ತುವ ಹಾಗಿಲ್ಲ, ಕಂಬಕ್ಕೆ ಗುಂಡಿ ತೋಡುವ ಹಾಗಿಲ್ಲ. ಹೀಗಾಗಿ ಬಿದಿರಿನ ಚೌಕಟ್ಟನ್ನು ಎರಡೂ ಕಡೆಯ ನಿಜವಾದ ಕಲ್ಲಿಗೆ ಹಗ್ಗದಿಂದ ಬಿಗಿದಿದ್ದೇವೆ. ಅದರ ಮೇಲೆ ತಟ್ಟಿ, ಗೋಣಿ, ಮಣ್ಣು, ಸುಣ್ಣ.

ಇದು ಗಾಳಿ ತಡೆಯುತ್ತದೆಯೇ ಎಂದು ಕೇಳಿದೆ. "ಗಾಳಿಗೇನೋ ತಡೀತದೆ ಅಯ್ನೋರೇ. ಮನ್ಸ ಒರಗಿದ್ರೆ ಮಾತ್ರ ಮನ್ಸನ ಜೊತೆ ಇದೂ ಹೋಯ್ತದೆ" ಎಂದು ನಕ್ಕ. ಆ ನಗು ನನಗೆ ಸ್ವಲ್ಪವೂ ಹಿಡಿಸಲಿಲ್ಲ.

ಫೆಬ್ರವರಿ ೧೨, ಬುಧವಾರ

ಗೋಡೆ ಮುಗಿಯಿತು. ಕೊನೆಯ ಬಣ್ಣವನ್ನು ನಿಂತೇ ಹಚ್ಚಬೇಕಾಗಿತ್ತು. ಅಂಬೆಗಾಲಲ್ಲಿ ಹತ್ತಿರ ಹೋಗಿ, ಕೆಳಗೆ ನೋಡದೆ, ಶಿವ ಶಿವ ಎನ್ನುತ್ತ ಹಚ್ಚಿದೆ. ಕಾವಿ, ಮಸಿ, ಸುಣ್ಣ, ಮಳೆನೀರು ಇಳಿದ ಕರೆ, ಬಂಡೆಯ ಮೇಲೆ ಬೆಳೆಯುವ ಬೂದು ಕಲ್ಲುಹೂವು. ನನ್ನ ಬಾಯಿಂದ ನಾನೇ ಹೇಳಬಾರದು, ಆದರೆ ಇಲ್ಲಿ ಹೇಳಿದರೆ ತಪ್ಪಿಲ್ಲ. ಇಷ್ಟು ವರ್ಷದಲ್ಲಿ ಇಂಥ ಕೆಲಸ ನನ್ನ ಕೈಯಿಂದ ಆಗಿರಲಿಲ್ಲ.

ಜಯರಾಮಯ್ಯನವರು ಬಂದು ನಿಜವಾದ ಗೋಡೆಯನ್ನು ತಟ್ಟಿ, ಭೇಷ್, ಕಲ್ಲೇ ಅನ್ನಬೇಕು ಎಂದರು. ಅದು ಕಲ್ಲೇ ಸ್ವಾಮಿ ಎಂದೆ. ಎಲ್ಲರೂ ನಕ್ಕರು. ಅವರೂ ನಗುತ್ತ, ಬೀಡಿ ಹಚ್ಚಲು ಪಕ್ಕಕ್ಕೆ ಸರಿದು ಮೊಣಕೈ ಊರಲು ಹೋದರು. ಊರಲು ಹೋದದ್ದು ನನ್ನ ಗೋಣಿಯ ಮೇಲೆ. ನಾನು ಕಿರುಚಿದೆನಂತೆ. ಕಿರುಚಿದ್ದು ನನಗೆ ನೆನಪಿಲ್ಲ. ಅವರ ಅಂಗಿಯ ತೋಳು ಹಿಡಿದು ಈಚೆಗೆ ಎಳೆದದ್ದು ಮಾತ್ರ ನೆನಪಿದೆ.

ನಾಟಕದವರಿಗೆ ಮೊದಲ ದಿನವೇ ಹೇಳಿಕೊಡುತ್ತಿದ್ದೆವು, ಪರದೆ ಮುಟ್ಟಬಾರದು ಎಂದು. ಪಾವಗಡದಲ್ಲಿ ಒಮ್ಮೆ ನಾರದನ ಪಾತ್ರದವನು ಕೈಲಾಸಕ್ಕೆ ಬೆನ್ನು ತಾಗಿಸಿಬಿಟ್ಟ. ಹಿಮಾಲಯವೆಲ್ಲ ಅಲ್ಲಾಡಿತು. ಮುಂದೆ ಕೂತಿದ್ದವನೊಬ್ಬ ತೆಲುಗಿನಲ್ಲಿ "ಪಡಿಪೋತಾಂದಿ, ಪಡಿಪೋತಾಂದಿ", ಬೀಳ್ತದೆ ಬೀಳ್ತದೆ ಎಂದು ಕೂಗಿದ, ಟೆಂಟೇ ನಕ್ಕಿತು. ಬಿದ್ದರೂ ಅಲ್ಲಿ ಬೀಳುತ್ತಿದ್ದದ್ದು ಬಟ್ಟೆ. ಈ ಟಾಕಿಯವರಿಗೆ ಆ ಪಾಠ ಗೊತ್ತಿಲ್ಲ. ಕಂಡಕಂಡಲ್ಲಿ ಒರಗುತ್ತಾರೆ, ಕೂರುತ್ತಾರೆ, ಕಾಲು ಚಾಚುತ್ತಾರೆ.

ಫೆಬ್ರವರಿ ೧೩, ಗುರುವಾರ

ಇವತ್ತು ಬೆಳಿಗ್ಗೆ ಎಳೆಬಿಸಿಲಲ್ಲಿ ನನಗೇ ಸಂದು ಸಿಗಲಿಲ್ಲ. ಎಲ್ಲಿ ಕಲ್ಲು ಮುಗಿದು ಎಲ್ಲಿ ಗೋಣಿ ಶುರುವಾಗುತ್ತದೆ ಎಂದು ನನಗೇ ತಿಳಿಯಲಿಲ್ಲ. ಗೆಣ್ಣಿನಿಂದ ಕುಟ್ಟುತ್ತ ಹೋದೆ. ಟಕ್, ಟಕ್, ಟಕ್, ಆಮೇಲೆ ಡಬ್.

ಊಟ ಸೇರಲಿಲ್ಲ.

ಫೆಬ್ರವರಿ ೧೮, ಮಂಗಳವಾರ

ಒಂದು ಉಪಾಯ ಮಾಡಿದೆ. ಕ್ಯಾಮರಾ ಕಣ್ಣಿಗೆ ಬೀಳದಂತೆ, ಗೋಡೆಯ ಒಂದು ಬದಿಯಲ್ಲಿ ಸೊಂಟದ ಎತ್ತರಕ್ಕೆ ಒಂದು ಗುರುತು ಹಾಕಿದ್ದೇನೆ. ಕೈಗೆ ಸುಣ್ಣ ಸಿಕ್ಕಿತು, ಬೆರಳದ್ದಿ ಎಳೆದೆ. ಇಲ್ಲಿ ಕಲ್ಲಿಲ್ಲ, ದೂರ ಇರಿ ಎಂದು ಅದರ ಅರ್ಥ. ಆಳುಗಳಿಗೆಲ್ಲ ಹೇಳಿಬಿಡು ಎಂದು ದೊಡ್ಡರಂಗಪ್ಪನಿಗೆ ತಿಳಿಸಿದೆ.

ಈಗ ದಿನಾ ಬೆಳಿಗ್ಗೆ ಎಲ್ಲರಿಗಿಂತ ಮುಂಚೆ ಹತ್ತಿ ಹೋಗಿ ಗೋಡೆಯನ್ನು ಉದ್ದಕ್ಕೂ ಕುಟ್ಟಿ ನೋಡುತ್ತೇನೆ. ಹಗ್ಗದ ಗಂಟು ಆಚೆ ಕಡೆಯಿಂದಲೇ ಕಾಣುವುದರಿಂದ ಸ್ವಲ್ಪ ಬಗ್ಗಿ ನೋಡಬೇಕಾಗುತ್ತದೆ. ಮೇಲೆ ಗಾಳಿ ಹೆಚ್ಚಾಗಿದೆ. ನನಗೆ ಸದಾ ಒಂದೇ ಚಿತ್ರ ಕಣ್ಣ ಮುಂದೆ ಬರುತ್ತದೆ. ಯಾರೋ ಸುಸ್ತಾಗಿ ಉಸ್ಸಪ್ಪಾ ಎಂದು ಒರಗುತ್ತಾರೆ, ಗೋಡೆ ಬಾಗಿಲಿನ ಹಾಗೆ ತೆರೆದುಕೊಳ್ಳುತ್ತದೆ. ಆ ಯಾರೋ ಎಂಬವರಿಗೆ ದಿನಕ್ಕೊಂದು ಮುಖ.

ಫೆಬ್ರವರಿ ೨೪, ಸೋಮವಾರ. ಮಧುಗಿರಿ

ಶಿವರಾತ್ರಿ. ಎರಡು ದಿನ ರಜ ಎಂದು ಬಸ್ಸು ಹಿಡಿದು ಊರಿಗೆ ಬಂದೆ. ಉಪವಾಸ ನನಗೆ ಈಚೆಗೆ ಅಭ್ಯಾಸವೇ ಆಗಿದೆ.

ದಾಕ್ಷಾಯಣಿ ನನ್ನನ್ನು ಒಂಥರಾ ನೋಡುತ್ತಿದ್ದಾಳೆ. ಜಗಲಿಯ ಕಂಬ ಕುಟ್ಟಿದೆನಂತೆ, ಬಾವಿಯ ಕಟ್ಟೆ ಕುಟ್ಟಿದೆನಂತೆ, ದೇವಸ್ಥಾನದಲ್ಲಿ ನಂದಿಯ ಬೆನ್ನನ್ನೂ ಕುಟ್ಟಿದೆನಂತೆ. "ಏನ್ರೀ ಇದು, ಬಾಗ್ಲು ತೆಗೀ ಅಂತೀರಾ ಬಸವಣ್ಣನಿಗೆ?" ಎಂದಳು. ಕಲ್ಲು ಗಟ್ಟಿಯಾಗಿದೆಯೋ ಇಲ್ಲವೋ ನೋಡಿದೆ ಎಂದೆ. ನೀವು ಗಟ್ಟಿಯಾಗಿದ್ದೀರಾ ನೋಡಿಕೊಳ್ಳಿ ಎಂದಳು.

ಸಂಜೆ ಅಭಿಷೇಕಕ್ಕೆ ದೊಡ್ಡ ತಾಮ್ರದ ಕೊಡ ಬೇಕೆಂದಳು. ಅಟ್ಟದ ಮೇಲಿತ್ತು, ಇಳಿಸಿ ಕೊಟ್ಟೆ. ಕೊಡ ಕೈಯಲ್ಲಿ ಹಿಡಿದು ಬಾಯಿ ತೆರೆದುಕೊಂಡು ನಿಂತೇ ಇದ್ದಳು. ಏನಾಯಿತೇ ಎಂದರೆ ಏನಿಲ್ಲ ಎಂದಳು. ಆಮೇಲೆ ಪಡಸಾಲೆಯಲ್ಲಿ ಒಬ್ಬಳೇ ನಗುತ್ತಿದ್ದಳು. ಯಾಕೆ ನಗುತ್ತಾಳೋ. ಇಲ್ಲಿ ನನ್ನ ಜೀವ ಬಾಯಿಗೆ ಬಂದಿದೆ. ನಾನಿಲ್ಲದಾಗ ಯಾರಾದರೂ ಬೆಟ್ಟ ಹತ್ತಿದರೆ? ಹಬ್ಬದ ದಿನ ಜನ ಎಲ್ಲಿಗೆ ಬೇಕಾದರೂ ಹೋಗುತ್ತಾರೆ.

ಫೆಬ್ರವರಿ ೨೬, ಬುಧವಾರ. ಚನ್ನರಾಯನದುರ್ಗ

ಹೆದರಿದ್ದೇ ಆಯಿತು.

ಗೋಡೆಯ ಮುಂದೆ ತುಂಬೆ ಹೂವು, ಬಿಲ್ವಪತ್ರೆ, ಒಡೆದ ತೆಂಗಿನಕಾಯಿಯ ಕರಟ. ನನ್ನ ಗುರುತಿನ ಸುತ್ತ ಕುಂಕುಮ. ಮೊದಲು ನನಗೇನೂ ಅರ್ಥವಾಗಲಿಲ್ಲ. ಆಮೇಲೆ ಗುರುತನ್ನು ಸರಿಯಾಗಿ ನೋಡಿದೆ. ಬಿಳಿಯ ಮೂರು ಗೆರೆ, ಅಡ್ಡಡ್ಡ, ಮೂರು ಬೆರಳಿನ ಅಗಲ. ದಿನಾ ಬೆಳಿಗ್ಗೆ ಹಣೆಗೆ ವಿಭೂತಿ ಎಳೆದುಕೊಳ್ಳುವ ಕೈ ಇದು. ಸುಣ್ಣದಲ್ಲಿ ಅದ್ದಿದಾಗಲೂ ಅದನ್ನೇ ಎಳೆದಿದೆ. ನನ್ನ ಕಣ್ಣಿಗೆ ಅದು ಎಚ್ಚರಿಕೆ. ಬೆಟ್ಟ ಹತ್ತಿ ಬಂದವರ ಕಣ್ಣಿಗೆ ವಿಭೂತಿ ಧರಿಸಿದ ಕಲ್ಲು. ದೂರ ಇರಿ ಎಂದು ನಾನು ಬರೆದದ್ದು ಜನರನ್ನು ಹತ್ತಿರ ಕರೆದಿದೆ. ಅಷ್ಟು ಜನ ಬಂದು ಹಣೆ ಹಚ್ಚಿ ಹೋಗಿದ್ದಾರೆ, ಆ ಗೋಣಿಗೆ. ಯೋಚಿಸಿದರೆ ಮೈ ತಣ್ಣಗಾಗುತ್ತದೆ.

ನಮಗೆಲ್ಲ ಕೆಳಗಿನ ದೊಣೆಯಿಂದ ನೀರು ಹೊತ್ತು ತರುವ ಚಿಕ್ಕಲಕ್ಷ್ಮಮ್ಮನನ್ನು ಕೇಳಿದೆ. ಮೊದಲು ಹೂವಿಟ್ಟವಳು ಅವಳೇ. ಅದು ಕಲ್ಲಲ್ಲ ತಾಯಿ, ಬಟ್ಟೆ, ಮುಟ್ಟಿದರೆ ಪ್ರಾಣ ಹೋಗುತ್ತದೆ ಎಂದೆ.

"ಬಟ್ಟೆಯಾದ್ರೇನು ಅಯ್ನೋರೇ. ಈಬೂತಿ ಇಕ್ಕಿದ್ದು ನೀವೇ ಅಲ್ವಾ? ಇಕ್ಕಿದ್ ಮ್ಯಾಲೆ ಕೈ ಮುಗೀದೆ ಹೆಂಗೆ ಹೋಗನ?" ಎಂದಳು. ಇನ್ನು ದೂರದಿಂದಲೇ ಮುಗಿಯುತ್ತೇನೆ ಎಂದು ಮಾತು ಕೊಟ್ಟಳು.

ಒದ್ದೆ ಬಟ್ಟೆ ತೆಗೆದುಕೊಂಡು ಅಳಿಸಲು ಹೋದೆ. ಕೈ ಬರಲಿಲ್ಲ. ಕುಂಕುಮ ಬಿದ್ದಿದೆ, ಪತ್ರೆ ಏರಿದೆ, ಹೇಗೆ ಅಳಿಸುವುದು? ಹಾಗೆ ನಿಂತಿರುವಾಗ ಜಯರಾಮಯ್ಯನವರು ಬಂದರು. ಹೂವು ನೋಡಿದರು, ಗೆರೆ ನೋಡಿದರು, ಅವರ ಮುಖ ಅರಳಿತು. ಯುದ್ಧಕ್ಕೆ ಹೋದ ಗಂಡ ತೀರಿಕೊಂಡ ಸುದ್ದಿ ಬಂದಾಗ ರಾಣಿ ಇದೇ ದೇವರ ಗುರುತಿಗೆ ಹಣೆ ಹಚ್ಚಿ, ಗೋಡೆಗೆ ಒರಗಿ, ಅಳುತ್ತ ಕುಸಿಯಬೇಕು ಎಂದರು. ಕ್ಯಾಮರಾವನ್ನೂ ಇತ್ತ ತಿರುಗಿಸಿಬಿಟ್ಟರು.

ಮುಟ್ಟುವುದಿಲ್ಲ ಎಂದಿದ್ದಿರಿ ಎಂದೆ. ಈಗ ಮುಟ್ಟಬೇಕಾಗಿದೆ ಎಂದರು. ಪಕ್ಕದ ನಿಜವಾದ ಗೋಡೆಗೆ ಗೆರೆ ಎಳೆದುಕೊಡುತ್ತೇನೆ ಎಂದೆ. ಅಲ್ಲಿ ಬೆಳಕಿಲ್ಲ ಎಂದರು. ಬೀಳುತ್ತದೆ ಸ್ವಾಮಿ ಎಂದೆ, ದನಿ ಕೀರಲಾಗಿತ್ತು.

"ನಿಮ್ ಕೆಲಸದ ಮೇಲೆ ನಿಮಗೇ ನಂಬಿಕೆ ಇಲ್ದಿದ್ರೆ, ಮದರಾಸಿನೋರಿಗೆ ನಾನು ಏನಂತ ಹೇಳ್ಲಿ?"

ನಾನು ಸುಮ್ಮನಾದೆ. ಯಾಕೆ ಸುಮ್ಮನಾದೆ? ಕೆಲಸ ಹೋಗುವ ಭಯ. ಈ ಬೆಟ್ಟದ ಮೇಲೆ ನನಗೆ ಭಯ ಒಂದೇ ಥರದ್ದಲ್ಲ.

ಫೆಬ್ರವರಿ ೨೮, ಶುಕ್ರವಾರ

ಗೋಡೆಗೆ ಆಚೆಯಿಂದ ಊರುಗೋಲು ಕೊಡುವುದು ಎಂದು ನಾನೂ ದೊಡ್ಡರಂಗಪ್ಪನೂ ತೀರ್ಮಾನಿಸಿದೆವು. ಆಚೆಯ ಅಂಚಿನ ಕಲ್ಲಿಗೆ ಒಂದು ತುದಿ, ಚೌಕಟ್ಟಿಗೆ ಒಂದು ತುದಿ, ಹೀಗೆ ನಾಲ್ಕು ಮರ. ಅವನು ಸಾಲಾಗಿ ಕೊಟ್ಟ. ಎಡಗಡೆಯದು ಅಲ್ಲಾಡುತ್ತಿತ್ತು, ನೀನು ಸರಿಯಾಗಿ ಬಿಗಿದಿಲ್ಲ ಎಂದೆ. "ಅಂಗಿದ್ರೆ ನೀವೇ ಬಂದು ನೋಡಿ" ಎಂದ. ಹೋಗಿ ನೋಡಿದೆ. ಕಲ್ಲಿನ ಕೆಳಗೆ ಬೆಣೆ ಕೂತಿರಲಿಲ್ಲ. ಸರಿಪಡಿಸುವ ಹೊತ್ತಿಗೆ ಮಧ್ಯಾಹ್ನವಾಯಿತು. ಮತ್ತೆ ಈಚೆ ಬಂದು ಹೋಗುವುದು ತಡ ಎಂದು ರೊಟ್ಟಿ ಗಂಟನ್ನು ಅಲ್ಲಿಗೇ ತರಿಸಿಕೊಂಡು, ಕಾಲು ಇಳಿಬಿಟ್ಟು ಕೂತು ತಿಂದೆವು. ಹುಚ್ಚೆಳ್ಳು ಚಟ್ನಿಗೆ ಉಪ್ಪು ಕಡಿಮೆ.

ಎಷ್ಟು ಮಾಡಿದರೂ ಎಡಗಡೆಯ ಊರುಗೋಲಿಗೆ ನಂಬಿಕೆ ಬರುತ್ತಿಲ್ಲ. ತಳಪಾಯದ ಆ ಕಲ್ಲೇ ಸಡಿಲ. ಒಂದು ಆಳಿನ ಭಾರ ಬಿದ್ದರೆ ಜಾರೀತು. ಅದನ್ನು ಯಾರಾದರೂ ಒತ್ತಿ ಹಿಡಿದಿದ್ದರೆ ನಿಂತೀತು. ಯಾರು ಹಿಡಿಯುತ್ತಾರೆ? ನನ್ನಂಥ ಪುಕ್ಕಲನಿಗೆ ಇಂಥ ಕೆಲಸ ಯಾಕೆ ಬೇಕಿತ್ತು.

ಮಾರ್ಚ್ ೧, ಶನಿವಾರ

ರಾಣಿಯ ಪಾತ್ರದವರು ಶಿರಾದ ಸರೋಜಮ್ಮ. ನಮ್ಮ ಕಂಪನಿಯಲ್ಲೇ ಇದ್ದ ಹುಡುಗಿ, ನನ್ನ ಪರದೆಗಳ ಮುಂದೆಯೇ ದೊಡ್ಡವಳಾದವಳು. ಅವಳಿಗೆ ಹೇಳದಿದ್ದರೆ ನಾನು ಮನುಷ್ಯನೇ ಅಲ್ಲ ಎನಿಸಿತು. ಬೆಳಿಗ್ಗೆ ಕೋಟೆ ಬಾಗಿಲ ಬಳಿ ತಡೆದು ಎಲ್ಲ ಹೇಳಿದೆ. ಅದು ಗೋಣಿ ಕಣಮ್ಮ, ಹಿಂದೆ ಏನೂ ಇಲ್ಲ, ನಾಲ್ಕು ಊರುಗೋಲು ಕೊಟ್ಟಿದ್ದೇನೆ, ಅದರಲ್ಲಿ ಒಂದು ನಂಬುವಂಥದ್ದಲ್ಲ. ಒಲ್ಲೆ ಎಂದುಬಿಡು, ಬೈಗುಳ ನಾನು ತಿನ್ನುತ್ತೇನೆ.

ಅವಳ ಮುಖ ಬಿಳಿಚಿಕೊಂಡಿತ್ತು. ಒಲ್ಲೆ ಎಂದರೆ ನಾಳೆ ಬೇರೊಬ್ಬಳನ್ನು ಕರೆಸುತ್ತಾರೆ, ಅವಳಿಗೆ ಯಾರು ಹೇಳುತ್ತಾರೆ ಎಂದಳು. ಆಮೇಲೆ ಕೇಳಿದಳು.

"ಅಣ್ಣಾ, ನಾನು ಒರಗೋ ಹೊತ್ನಲ್ಲಿ ನೀವು ಆ ಕಡೆ ಇರ್ತೀರಾ?"

ಇರ್ತೀನಿ ಎಂದೆ.

"ಹಂಗಾದ್ರೆ ಬಿಲ್ಕುಲ್ ಹೆದ್ರಲ್ಲ, ಒರಗ್ತೀನಿ" ಎಂದಳು.

ಅವಳು ಹೆದರುವುದಿಲ್ಲವಂತೆ. ಅವಳ ಪಾಲಿನ ಹೆದರಿಕೆಯನ್ನೂ ನನ್ನ ತಲೆಗೆ ಹೊರಿಸಿ ಹೋದಳು. ದಾಕ್ಷಾಯಣಿಗೆ ಒಂದು ಕಾಗದ ಬರೆಯೋಣವೆಂದು ಕೂತೆ. ಏನು ಬರೆಯಬೇಕೋ ತಿಳಿಯದೆ ಬಿಟ್ಟೆ.

ಮಾರ್ಚ್ ೩, ಸೋಮವಾರ

ಆಯಿತು. ಎಲ್ಲರೂ ಇದ್ದಾರೆ. ಮೊದಲು ಅದನ್ನು ಬರೆದುಬಿಡುತ್ತೇನೆ. ಎಲ್ಲರೂ ಇದ್ದಾರೆ.

ಬಿಸಿಲೇರುವ ಮುಂಚೆಯೇ ಆಚೆ ಹೋದೆ. ದೊಡ್ಡರಂಗಪ್ಪ ನನ್ನ ಸೊಂಟಕ್ಕೆ ಹಗ್ಗ ಬಿಗಿದು, ಇನ್ನೊಂದು ತುದಿಯನ್ನು ನಿಜವಾದ ಕಲ್ಲಿಗೆ ಸುತ್ತಿ, ಆಚೆಯ ಅಂಚಿನಲ್ಲೇ ನಿಂತು ತಾನೂ ಹಿಡಿದುಕೊಂಡ. ಎಡಗಡೆಯ ಊರುಗೋಲಿನ ಬುಡಕ್ಕೆ ಒಂದು ಕಾಲು ಕೊಟ್ಟು, ಚೌಕಟ್ಟಿಗೆ ಭುಜ ಕೊಟ್ಟು, ಎರಡೂ ಅಂಗೈಯನ್ನು ಗೋಣಿಯ ಹಿಂಬದಿಗೆ ಒತ್ತಿ ನಿಂತೆ. ಬೆನ್ನ ಹಿಂದೆ ಬರೀ ಗಾಳಿ. ಈಚೆ ನಡೆಯುವುದೇನೂ ನನಗೆ ಕಾಣುತ್ತಿರಲಿಲ್ಲ. ಇಪ್ಪತ್ತು ವರ್ಷ ಪರದೆಯ ಮುಂಭಾಗವನ್ನೇ ಬರೆದವನು ಮೊದಲ ಸಲ ಅದರ ಹಿಂದೆ ನಿಂತಿದ್ದೆ. ಬಿದಿರಿನ ಸಿಬಿರು, ಹಸಿ ಮಣ್ಣಿನ ವಾಸನೆ.

ಜಯರಾಮಯ್ಯನವರು ಕೂಗಿದರು. ಸದ್ದಡಗಿತು. ಸರೋಜಮ್ಮನ ಮಾತು ಕೇಳಿಸಿತು, ಹೆಜ್ಜೆ ಕೇಳಿಸಿತು, ಆಮೇಲೆ ಅವಳು ಬಂದಳು. ಮೊದಲು ಹಣೆ, ಆಮೇಲೆ ಭುಜ, ಆಮೇಲೆ ಇಡೀ ಮೈ. ಚೌಕಟ್ಟು ಕಿರ್ ಎಂದಿತು. ನನ್ನ ಕಾಲ ಕೆಳಗಿನ ಕಲ್ಲು ಸರಿಯಿತು. ಸರಿಯಿತು ಎಂಬುದರಲ್ಲಿ ಅನುಮಾನವಿಲ್ಲ, ಪುಡಿಗಲ್ಲು ಉದುರಿ ಹೋಗುವ ಸದ್ದು ಕೇಳಿದೆ. ಅದು ಕೆಳಗೆ ಮುಟ್ಟಿದ ಸದ್ದು ಕೇಳಲೇ ಇಲ್ಲ. ಇದ್ದಬದ್ದ ಬಲವನ್ನೆಲ್ಲ ಕೊಟ್ಟು ಒತ್ತಿದೆ. ಅವಳು ಬಿಕ್ಕುತ್ತಿದ್ದಳು, ಒಂದೊಂದು ಬಿಕ್ಕೂ ನನ್ನ ಅಂಗೈಗೆ ಬಡಿಯುತ್ತಿತ್ತು. ಅದು ನಟನೆಯೋ ಭಯವೋ ನನಗೆ ತಿಳಿಯದು. ನಾನೂ ಅಳುತ್ತಿದ್ದೆ, ನನ್ನದು ಭಯವೇ.

ಸಾಕು ಎಂಬ ಕೂಗು ಬಂತು. ಭಾರ ಹಗುರವಾಯಿತು. ಆ ಕಡೆ ಚಪ್ಪಾಳೆ, ನಗು. ಜಯರಾಮಯ್ಯನವರು ಚನ್ನಮಲ್ಲಯ್ಯ ಎಲ್ಲಿ, ಮದರಾಸಿನ ಟಿಕೀಟು ಎಂದು ಏನೋ ಕೂಗುತ್ತಿದ್ದರು. ಸರೋಜಮ್ಮ ಗೋಡೆಯನ್ನು ಬೆರಳಿಂದ ಮೆಲ್ಲಗೆ ತಟ್ಟಿ ಹೋದಳು. ಡಬ್.

ಎಲ್ಲರೂ ಇಳಿದು ಹೋಗಲಿ, ಆಮೇಲೆ ಈಚೆ ಬರುತ್ತೇನೆ, ಯಾರಾದರೂ ಮರೆತು ಒರಗಿಯಾರು ಎಂದು ದೊಡ್ಡರಂಗಪ್ಪನಿಗೆ ಹೇಳಿ ಅಲ್ಲೇ ನಿಂತೆ. ಕ್ಯಾಮರಾದ ಪೆಟ್ಟಿಗೆಗಳನ್ನು ಎತ್ತುವ ಸದ್ದು, ಹೆಜ್ಜೆಗಳ ಸದ್ದು ದೂರವಾಯಿತು. ಇನ್ನು ಹೊರಡೋಣ ಎಂದು ಕೈ ತೆಗೆಯಬೇಕು, ಅಷ್ಟರಲ್ಲಿ ಬಳೆಯ ಸದ್ದು. ಬಿಂದಿಗೆ ಇಳಿಸಿದ ಸದ್ದು. ಸೊಂಟದ ಎತ್ತರದಲ್ಲಿ, ಆ ಗೆರೆಗಳಿರುವ ಕಡೆ, ಗೋಣಿ ಸ್ವಲ್ಪವೇ ನನ್ನ ಕಡೆಗೆ ಉಬ್ಬಿತು. ಒಂದು ಪುಟ್ಟ ಹಣೆ.

ಚಿಕ್ಕಲಕ್ಷ್ಮಮ್ಮ. ದೂರದಿಂದಲೇ ಮುಗಿಯುತ್ತೇನೆ ಎಂದಿದ್ದಳು. ಕೆಲಸ ಮುಗಿದ ಗೋಡೆಯನ್ನು ಇವತ್ತು ಬಿಚ್ಚುತ್ತಾರೆಂದು ಗೊತ್ತಾಗಿ ಕೊನೆಯ ಸಲ ಬಂದಿದ್ದಳೇನೋ. ಕೂಗಿದರೆ ಬೆಚ್ಚಿ ಕೈ ಊರುತ್ತಾಳೆಂದು ಕೂಗಲಿಲ್ಲ. ಮೊಣಕಾಲೂರಿ, ಆ ಹಣೆಗೆ ಸರಿಯಾಗಿ ಅಂಗೈ ಇಟ್ಟೆ. ಅವಳು ಪಿಸುಗುಡುವುದು ಗೋಣಿಯ ಮೂಲಕ ನನಗೆ ಕೇಳಿಸುತ್ತಿತ್ತು.

"ನಮ್ಮಪ್ಪಾ, ಬಂದೋರೆಲ್ಲ ಸುಕವಾಗಿ ಇಳ್ಕೊಂಡೋಗ್ಲಿ. ಆ ಬಣ್ಣದ ಅಯ್ನೋರಿಗೆ ಎತ್ರ ಕಂಡ್ರೆ ಬಯ ಕಣಪ್ಪ, ಬಂದ್ ದಿನ ಕಲ್ಲು ತಬ್ಕೊಂಡು ನಿಂತಿದ್ರು. ಅವ್ರನ್ನ ಒಸಿ ಕೈ ಹಿಡ್ಕಂಡು ಇಳ್ಸು."

ಅವಳು ತಲೆ ಎತ್ತುವವರೆಗೂ ನಾನು ಕೈ ತೆಗೆಯಲಿಲ್ಲ.